ಮೊದಲು ರೇಡಿಯೋ, ಆಮೇಲೆ ಸಿನಿಮಾ

ಕೇಳುಗರಿಗೆ ನಮಸ್ಕಾರ.

ಕಾದಂಬರಿ ಸಿನಿಮಾ ಆಗುವುದು ನಮಗೆ ಗೊತ್ತು. ಇವತ್ತಿನ ಕಥೆ ಮಾತ್ರ ಮೊದಲು ಬಂದದ್ದು ರೇಡಿಯೋದಲ್ಲಿ, ಧಾರಾವಾಹಿಯಾಗಿ. 1985ರಲ್ಲಿ ಅದು ಕಾದಂಬರಿಯಾಯಿತು, 1986ರಲ್ಲಿ ಸಿನಿಮಾ ಆಯಿತು. ಮೈಕಿನ ಮುಂದೆ ಕೂತು ಇದನ್ನು ಹೇಳುವಾಗ ನನಗೆ ಸ್ವಲ್ಪ ಜಂಬವೇ ಅನ್ನಿ!

ಬರೆದವರು, ನಿರ್ದೇಶಿಸಿದವರು ಸ್ಪೇನಿನ ಫರ್ನಾಂಡೊ ಫರ್ನಾನ್ ಗೋಮೆಜ್. ಚಿತ್ರದ ಹೆಸರು 'ಎಲ್ ವಿಯಾಹೆ ಆ ನಿಂಗೂನಾ ಪಾರ್ತೆ'. ಅಂದರೆ ಎಲ್ಲಿಗೂ ಹೋಗದ ಪಯಣ. ಹಳ್ಳಿಯಿಂದ ಹಳ್ಳಿಗೆ ಗಂಟುಮೂಟೆ ಹೊತ್ತು ಅಲೆಯುವ ನಾಟಕದವರ ಕಥೆ ಇದು. ಸಿನಿಮಾ ಬಂದು ಅವರ ಹೊಟ್ಟೆಗೆ ಹೊಡೆಯುತ್ತದೆ. ತಂಡದ ಹಿರಿಯನಿಗೆ ಒಮ್ಮೆ ಸಿನಿಮಾದಲ್ಲೇ ಸಣ್ಣ ಪಾತ್ರ ಸಿಗುತ್ತದೆ. ಆದರೆ ಪಾಪ, ರಂಗದ ಮೇಲೆ ಕೂಗಿ ಕೂಗಿ ರೂಢಿಯಾದ ದನಿ ಇಳಿಯುವುದೇ ಇಲ್ಲ. ಆ ಮುದುಕನಾಗಿ ನಟಿಸಿದ್ದೂ ಫರ್ನಾನ್ ಗೋಮೆಜ್ ಅವರೇ. ಸುಮಾರು 200 ಚಿತ್ರಗಳಲ್ಲಿ ಬಣ್ಣ ಹಚ್ಚಿದ ಮನುಷ್ಯ ಕ್ಯಾಮೆರಾ ಮುಂದೆ ನಟಿಸಲು ಬಾರದವನಾಗಿ ನಟಿಸಬೇಕು. ಎಷ್ಟು ಕಷ್ಟ, ಅಲ್ವಾ? ನಗು ಬರುತ್ತದೆ, ನಕ್ಕಿದ್ದಕ್ಕೆ ಬೇಜಾರೂ ಆಗುತ್ತದೆ.

ಈ ಅಲೆದಾಟ ಅವರಿಗೆ ಹೊಸದಲ್ಲ. ಅಮ್ಮ ನಾಟಕದ ನಟಿ. ತಂಡದ ಜೊತೆ ದಕ್ಷಿಣ ಅಮೆರಿಕದಲ್ಲಿ ತಿರುಗುತ್ತಿದ್ದಾಗಲೇ, 1921ರಲ್ಲಿ, ಪೆರು ದೇಶದ ಲಿಮಾದಲ್ಲಿ ಮಗ ಹುಟ್ಟಿದ. ಬೆಳೆದದ್ದು ಮ್ಯಾಡ್ರಿಡ್‌ನಲ್ಲಿ. ಹದಿಹರೆಯದಲ್ಲಿ ಅಂತರ್ಯುದ್ಧ ಕಂಡರು. ಆ ದಿನಗಳ ಮೇಲೆ ಅವರು ಬರೆದ ನಾಟಕ, 'ಬೇಸಿಗೆಗೆ ಸೈಕಲ್‌ಗಳು', 1982ರಲ್ಲಿ ರಂಗಕ್ಕೆ ಬಂದು ಹೆಸರು ಮಾಡಿತು. ಸ್ಪೇನಿನ ಗೋಯಾ ಪ್ರಶಸ್ತಿಗಳು ಶುರುವಾದ ಮೊದಲ ವರ್ಷವೇ ಈ ಅಲೆಮಾರಿಗಳ ಚಿತ್ರಕ್ಕೆ ಅತ್ಯುತ್ತಮ ಚಿತ್ರ, ನಿರ್ದೇಶನ, ಚಿತ್ರಕಥೆ ಮೂರೂ ಬಂದವು. ಬೇರೊಂದು ಚಿತ್ರದ ನಟನೆಗೆ ಅತ್ಯುತ್ತಮ ನಟ ಪ್ರಶಸ್ತಿಯೂ ಅವರಿಗೇ! ಮುಂದೆ ಸ್ಪ್ಯಾನಿಷ್ ಭಾಷೆಯ ರಾಯಲ್ ಅಕಾಡೆಮಿಯಲ್ಲೂ ಕುರ್ಚಿ ಸಿಕ್ಕಿತು.

ಆದರೆ ನನಗೆ ಜಾಸ್ತಿ ಕಾಡುವುದು ಅವರ ನತದೃಷ್ಟ ಚಿತ್ರಗಳೇ. 1964ರ 'ಎಲ್ ಎಸ್ತ್ರಾನ್ಯೊ ವಿಯಾಹೆ' ಸುಮ್ನೆ ಡಬ್ಬದಲ್ಲಿ ಬಿದ್ದಿದ್ದು, 1969ರಲ್ಲಿ ಹೊರಬಂತು. ಈಗ ಸ್ಪೇನಿನ ಒಳ್ಳೆಯ ಚಿತ್ರಗಳ ಪಟ್ಟಿ ಮಾಡುವವರು ಅದನ್ನು ಬಿಡುವುದಿಲ್ಲ. ಅದಕ್ಕೂ ಮುಂಚೆ ತೆಗೆದ 'ಎಲ್ ಮುಂದೊ ಸೀಗೆ' ಬಡ ಮನೆಯ ಇಬ್ಬರು ಅಕ್ಕತಂಗಿಯರ ಹಗೆಯ ಕಥೆ. ಸರ್ವಾಧಿಕಾರಿ ಫ್ರಾಂಕೋ ಕಾಲದ ಸೆನ್ಸಾರ್‌ಗೆ ಅದು ಹಿಡಿಸಲಿಲ್ಲ. 1965ರಲ್ಲಿ ಸ್ಪೇನಿನ ಬಿಲ್ಬಾವೊ ನಗರದಲ್ಲಿ ಹೀಗೆ ಬಂದು ಹಾಗೆ ಹೋಯಿತು. ಅದು ಮತ್ತೆ ಸರಿಯಾಗಿ ಚಿತ್ರಮಂದಿರ ಕಂಡದ್ದು 2015ರಲ್ಲಿ. ಆ ಹೊತ್ತಿಗೆ ಫರ್ನಾನ್ ಗೋಮೆಜ್ ತೀರಿಕೊಂಡು ಎಂಟು ವರ್ಷ ಆಗಿತ್ತು.

ನಮಸ್ಕಾರ.