ಫ್ರಾಂಕ್ಲಿನ್ ಪ್ಯಾಂಗ್‌ಬಾರ್ನ್: ಎರಡು ನಿಮಿಷದ ಪಾತ್ರಗಳ ದೊಡ್ಡ ನಟ

ನಮಸ್ಕಾರ. ತೆರೆಯ ಮೇಲಿರುವ ಈ ಚಿತ್ರವನ್ನು ನೋಡಿ. ಒಪ್ಪವಾಗಿ ಬಾಚಿದ ಕೂದಲು, ಸುಕ್ಕಿಲ್ಲದ ಕೋಟು, ಯಾರೋ ಈಗಷ್ಟೇ ಅವಮಾನ ಮಾಡಿದರೇನೋ ಎಂಬಂತೆ ಮೇಲೇರಿದ ಹುಬ್ಬು. ಹಳೆಯ ಹಾಲಿವುಡ್ ಹಾಸ್ಯಚಿತ್ರಗಳನ್ನು ಇಷ್ಟಪಡುವವರು ಈ ಮುಖವನ್ನು ಖಂಡಿತ ಗುರುತಿಸುತ್ತಾರೆ, ಹೆಸರು ಮಾತ್ರ ಹೊಳೆಯುವುದಿಲ್ಲ. ಇವರು ಫ್ರಾಂಕ್ಲಿನ್ ಪ್ಯಾಂಗ್‌ಬಾರ್ನ್.

1889ರಲ್ಲಿ ನ್ಯೂಜೆರ್ಸಿಯ ನೆವಾರ್ಕ್‌ನಲ್ಲಿ ಹುಟ್ಟಿದ ಇವರು ರಂಗಭೂಮಿಯಲ್ಲಿ ಪಳಗಿ, ಮೂಕಿಚಿತ್ರಗಳ ಕಾಲದಲ್ಲಿ ಸಿನಿಮಾಕ್ಕೆ ಬಂದರು. ಆಮೇಲೆ ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ಹೋಟೆಲ್ ಗುಮಾಸ್ತ, ಅಂಗಡಿಯ ಮೇಲ್ವಿಚಾರಕ, ಮನೆಯ ಬಟ್ಲರ್. ಹೆಚ್ಚಿನವು ಒಂದೆರಡು ದೃಶ್ಯಗಳಲ್ಲಿ ಮುಗಿಯುವ ಪಾತ್ರಗಳು.

ನನಗೆ ಇವರು ಇಷ್ಟವಾಗುವುದಕ್ಕೆ ಕಾರಣವಿದೆ. ಪ್ಯಾಂಗ್‌ಬಾರ್ನ್ ನಗಿಸಲು ಹೊರಟವರಂತೆ ಎಂದೂ ಕಾಣುವುದಿಲ್ಲ. ಅವರ ಪಾತ್ರಕ್ಕೆ ತನ್ನ ಕೆಲಸವೇ ದೇವರು. 1940ರ ‘ದಿ ಬ್ಯಾಂಕ್ ಡಿಕ್’ ನೋಡಿ. ಅವರು ಬ್ಯಾಂಕಿನ ಲೆಕ್ಕ ತಪಾಸಣೆಗೆ ಬಂದ ಅಧಿಕಾರಿ. ಲೆಕ್ಕ ನೋಡದಂತೆ ತಡೆಯಲು ಚಿತ್ರದ ನಾಯಕನಟ, ಹಾಸ್ಯಗಾರ ಡಬ್ಲ್ಯು. ಸಿ. ಫೀಲ್ಡ್ಸ್ ಅವರ ಪಾತ್ರ ಕುಡಿಯುವುದರಲ್ಲಿ ಮದ್ದು ಹಾಕಿಸಿ ಈತನನ್ನು ಹಾಸಿಗೆ ಹಿಡಿಸುತ್ತದೆ. ಈತ ಜೋಲಿ ಹೊಡೆಯುತ್ತಲೇ ಎದ್ದು ಬ್ಯಾಂಕಿಗೆ ಬಂದುಬಿಡುತ್ತಾನೆ! ಕನ್ನಡಕವನ್ನು ತುಳಿದು ಒಡೆದರೆ, ಪೆಟ್ಟಿಗೆಯಲ್ಲಿ ಬೇರೆ ಕನ್ನಡಕಗಳು ಸಿದ್ಧ. ನಾವು ನಗುತ್ತೇವೆ, ಆದರೆ ಆ ಮನುಷ್ಯನ ನಿಷ್ಠೆಯನ್ನು ಕಂಡು ಗೌರವವೂ ಹುಟ್ಟುತ್ತದೆ.

ಇನ್ನು 1944ರ ‘ಹೇಲ್ ದಿ ಕಾಂಕರಿಂಗ್ ಹೀರೋ’. ಊರಿಗೆ ಬರುವ ವೀರಯೋಧನನ್ನು ರೈಲು ನಿಲ್ದಾಣದಲ್ಲಿ ಸ್ವಾಗತಿಸುವ ಸಮಿತಿಗೆ ಇವರೇ ಅಧ್ಯಕ್ಷರು. ವಾದ್ಯತಂಡಗಳು ಒಂದಲ್ಲ, ಹಲವು. ಮುಹೂರ್ತಕ್ಕೆ ಮೊದಲೇ ಗಟ್ಟಿಮೇಳ ಬಾರಿಸಿಬಿಟ್ಟರೆ ಮದುವೆಮನೆಯ ಹಿರಿಯರು ಹೇಗೆ ಕೈಬೀಸುತ್ತಾ ಓಡುತ್ತಾರೋ, ಇವರ ಪಾಡೂ ಹಾಗೆಯೇ. ಇಡೀ ಚಿತ್ರದಲ್ಲಿ ನಾನು ಮತ್ತೆ ಮತ್ತೆ ಹಿಂದಕ್ಕೆ ತಿರುಗಿಸಿ ನೋಡುವ ಭಾಗವಿದು.

ಆ ಚಿತ್ರದ ನಿರ್ದೇಶಕ ಪ್ರೆಸ್ಟನ್ ಸ್ಟರ್ಜಸ್ ತಮ್ಮ ಚಿತ್ರಗಳಿಗೆ ಅದೇ ಪೋಷಕ ನಟರನ್ನು ಪದೇ ಪದೇ ಕರೆಯುತ್ತಿದ್ದರು. ಮೊದಲ ಗೆಲುವುಗಳಿಗೆ ಹೆಗಲು ಕೊಟ್ಟವರಿಗೆ ಮುಂದಿನ ಚಿತ್ರಗಳಲ್ಲೂ ಹಕ್ಕಿದೆ ಎಂಬುದು ಅವರ ನಿಲುವು. ಸಣ್ಣ ಪಾತ್ರಗಳ ನಟರಿಗೆ ಇಂಥ ಮಾತು ಸಿಗುವುದು ಅಪರೂಪ.

ಒಂದು ನೋವಿನ ಸಂಗತಿಯನ್ನೂ ಹೇಳಬೇಕು. 1934ರಿಂದ ಸೆನ್ಸಾರ್ ನಿಯಮಗಳು ಬಿಗಿಯಾದಾಗ ಸಲಿಂಗಕಾಮಿ ಪಾತ್ರಗಳನ್ನು ತೆರೆಗೆ ನೇರವಾಗಿ ತರುವಂತಿರಲಿಲ್ಲ. ನಾಜೂಕಿನ, ಸಿಡುಕಿನ ಗಂಡಸನ್ನು ತಂದು, ಉಳಿದದ್ದನ್ನು ಪ್ರೇಕ್ಷಕರೇ ಊಹಿಸಿಕೊಂಡು ನಗಲಿ ಎಂದು ಬಿಡುತ್ತಿದ್ದರು. ಪ್ಯಾಂಗ್‌ಬಾರ್ನ್ ಅವರಿಗೆ ಸಿಕ್ಕಿದ್ದು ಹೆಚ್ಚಾಗಿ ಅದೇ ಅಚ್ಚಿನ ಪಾತ್ರ. ಅಚ್ಚು ಕಿರಿದು, ನಿಜ. ಆದರೆ ಅದರೊಳಗಿನ ಮನುಷ್ಯನ ಆತ್ಮಾಭಿಮಾನವನ್ನು ಅವರು ಎಂದೂ ಕೈಬಿಡಲಿಲ್ಲ. ಅವರ ದೊಡ್ಡತನ ಇಲ್ಲಿದೆ ಎಂದು ನಾನು ನಂಬಿದ್ದೇನೆ.

1957ರಲ್ಲಿ ಜಾಕ್ ಪಾರ್ ನಡೆಸಿಕೊಡುತ್ತಿದ್ದ ‘ಟುನೈಟ್’ ಎಂಬ ಟಿವಿ ಹರಟೆ ಕಾರ್ಯಕ್ರಮಕ್ಕೆ ಪ್ಯಾಂಗ್‌ಬಾರ್ನ್ ಅಲ್ಪಕಾಲ ಉದ್ಘೋಷಕರಾಗಿದ್ದರು. ಮರುವರ್ಷ ತೀರಿಕೊಂಡರು.

ಮೊದಲು ಯಾವ ಚಿತ್ರ ನೋಡಲಿ ಎಂದರೆ, 1942ರ ‘ದಿ ಪಾಮ್ ಬೀಚ್ ಸ್ಟೋರಿ’ಯಿಂದ ಶುರುಮಾಡಿ. ಆರಂಭದಲ್ಲೇ, ಕಿವಿ ಮಂದವಾದ ಮುದುಕ ಸಾಹುಕಾರನಿಗೆ ಮನೆ ತೋರಿಸುವ ಮ್ಯಾನೇಜರ್ ಆಗಿ ಸಿಗುತ್ತಾರೆ. ಮುದುಕನ ಮಾತು ಕೇಳಿ, ಆದರೆ ಕಣ್ಣು ಪ್ಯಾಂಗ್‌ಬಾರ್ನ್ ಮೇಲಿರಲಿ.