ಬೆಕ್ಕಿಗೆ ಬೈದ ಬೇಕರಿಯವನು

ಒಂದು ದೃಶ್ಯ ಹೇಳ್ತೀನಿ, ಕೇಳಿ. ದಕ್ಷಿಣ ಫ್ರಾನ್ಸಿನ ಒಂದು ಹಳ್ಳಿ. ಬೇಕರಿಯವನ ಹೆಂಡತಿ ಕುರುಬನೊಬ್ಬನ ಜೊತೆ ಓಡಿಹೋಗಿದ್ದಾಳೆ. ಇವನು ಬ್ರೆಡ್ ಮಾಡೋದನ್ನೇ ಬಿಟ್ಟಿದ್ದಾನೆ, ಊರಿಗೆ ಊರೇ ಕಂಗಾಲು. ಕೊನೆಗೆ ಊರವರೇ ಸೇರಿ ಅವಳನ್ನ ವಾಪಸ್ ಕರೆಸ್ತಾರೆ. ತಲೆ ತಗ್ಗಿಸಿ ಒಳಗೆ ಬಂದ ಅವಳಿಗೆ ಅವನು ಒಂದು ಬಿರುಸು ಮಾತೂ ಆಡೋದಿಲ್ಲ. ಅಷ್ಟರಲ್ಲಿ, ಮೂರು ದಿನ ಮನೆಬಿಟ್ಟಿದ್ದ ಹೆಣ್ಣು ಬೆಕ್ಕೂ ಬರುತ್ತೆ. ಹೆಂಡತಿಗೆ ಹೇಳಬೇಕಾದದ್ದನ್ನೆಲ್ಲ ಆ ಬೆಕ್ಕಿಗೆ ಹೇಳ್ತಾನೆ. ಪಾಪ, ಗಂಡುಬೆಕ್ಕು ನಿನಗೋಸ್ಕರ ಎಷ್ಟು ಒದ್ದಾಡ್ತು ಗೊತ್ತಾ ಅಂತಾನೆ. ಪಕ್ಕದಲ್ಲಿ ನಿಂತ ಹೆಂಡತಿ ಕೇಳಿಸಿಕೊಳ್ತಾ ಇದ್ದಾಳೆ.

1938ರ ಸಿನಿಮಾ ಇದು, ಹೆಸರು ‘ಲಾ ಫಾಮ್ ದ್ಯು ಬುಲಾಂಜೆ’, ಅಂದರೆ ಬೇಕರಿಯವನ ಹೆಂಡತಿ. ನಿರ್ದೇಶಕ ಮಾರ್ಸೆಲ್ ಪಾನ್ಯೋಲ್. ಆ ಬೇಕರಿಯವನ ಪಾತ್ರ ಮಾಡಿದ ನಟ ರೇಮ್ಯೂ. ನಿಜವಾದ ಹೆಸರು ಜ್ಯೂಲ್ ಮ್ಯುರೇರ್. ಮನೆತನದ ಹೆಸರನ್ನೇ ಹಿಂದುಮುಂದು ಮಾಡಿ ರೇಮ್ಯೂ ಆದವರು. ದಕ್ಷಿಣ ಫ್ರಾನ್ಸಿನ ತೂಲೋನ್ ಬಂದರಿನಲ್ಲಿ ಹುಟ್ಟಿದ್ದು 1883ರಲ್ಲಿ. ಆ ಇಸವಿ ನೆನಪಿಟ್ಟುಕೊಳ್ಳಿ. ಅದಕ್ಕಿಂತ ಒಂದೇ ವರ್ಷ ಹಿಂದೆ ಫ್ರಾನ್ಸಿನಲ್ಲಿ ಪ್ರಾಥಮಿಕ ಶಿಕ್ಷಣ ಕಡ್ಡಾಯವಾಗಿತ್ತು. ಶಾಲೆಯ ಭಾಷೆ ಫ್ರೆಂಚ್ ಮಾತ್ರ. ಮನೆಯ ಮಾತಾದ ಪ್ರೊವಾನ್ಸಾಲ್, ಅಂದರೆ ಆ ದಕ್ಷಿಣ ಸೀಮೆಯ ನುಡಿ, ತರಗತಿಯಲ್ಲಿ ಬಾಯಿಗೆ ಬಂದರೆ ಮಕ್ಕಳಿಗೆ ಶಿಕ್ಷೆ. ಹಾಗೆ ನುಡಿಯನ್ನ ಓಡಿಸಿದರು. ಆದರೆ ಅದರ ರಾಗ ಹೋಗಲಿಲ್ಲ, ಫ್ರೆಂಚಿನೊಳಗೇ ಸೇರಿಕೊಂಡು ಉಳೀತು. ಪ್ಯಾರಿಸ್ಸಿನವರು ನುಂಗಿಬಿಡುವ ಪದದ ಕೊನೆಯ ಸ್ವರವನ್ನ ದಕ್ಷಿಣದವರು ಪೂರ್ತಿ ಉಚ್ಚರಿಸ್ತಾರೆ. ರೇಮ್ಯೂ ಬಾಯಲ್ಲಿ ನಾನು ಕೇಳೋದು ಆ ಉಳಿಕೆಯನ್ನ.

ಇದಕ್ಕೂ ಮುಂಚೆ ತೆರೆ ಮೇಲೆ ದಕ್ಷಿಣದವನು ಅಂದರೆ ಬಾಯಿಬಡುಕ, ನಗಿಸೋಕೆ ಇರುವವನು. ರೇಮ್ಯೂ ಕೂಡ ಹಾಡು-ಹಾಸ್ಯದ ವೇದಿಕೆಯಿಂದಲೇ ಬಂದವರು. ಹಾಗಾಗಿ 1929ರಲ್ಲಿ ಪ್ಯಾರಿಸ್ ರಂಗಭೂಮಿಯಲ್ಲಿ, ಆಮೇಲೆ 1931ರ ‘ಮಾರಿಯುಸ್’ ಸಿನಿಮಾದಲ್ಲಿ ಅವರು ಮಾರ್ಸೇಯ್ ಬಂದರಿನ ಬಾರ್ ಮಾಲೀಕ ಸೆಜಾರ್ ಆಗಿ ನಿಂತದ್ದು ನನಗೆ ದೊಡ್ಡ ಘಟನೆ. ಒಂದು ಪಾನೀಯಕ್ಕೆ ನಾಲ್ಕು ‘ಮೂರನೇ ಒಂದು ಭಾಗ’ ಸುರಿಯೋದನ್ನ ಮಗನಿಗೆ ಕಲಿಸ್ತಾನೆ ಸೆಜಾರ್. ಲೆಕ್ಕ ತಪ್ಪು ಅಂದರೆ, ಭಾಗ ಎಷ್ಟು ದೊಡ್ಡದು ಅನ್ನೋದರ ಮೇಲೆ ಹೋಗುತ್ತೆ ಅಂತಾನೆ! ನಗ್ತೀವಿ. ಆದರೆ ಅದೇ ದನಿಯಲ್ಲಿ, ಅದೇ ಎಳೆತದಲ್ಲಿ, ಸಮುದ್ರದ ಕಡೆ ಕಣ್ಣಿಟ್ಟ ಮಗ ಕೈತಪ್ಪಿಹೋಗ್ತಾನೇನೋ ಅನ್ನೋ ತಂದೆಯ ಭಯವೂ ಇದೆ. ದುಃಖ ಹೇಳೋಕೆ ಅವರು ಪ್ಯಾರಿಸ್ ಉಚ್ಚಾರಣೆಯ ಮೊರೆಹೋಗಲಿಲ್ಲ. ನನ್ನ ಪಾಲಿಗೆ ಅವರ ದೊಡ್ಡತನ ಇದೇ.

ಇದೆಲ್ಲ ಪೋಸ್ಟ್‌ಕಾರ್ಡ್ ಮೇಲಿನ ಚಂದದ ಮಾರ್ಸೇಯ್, ನಿಜವಾದದ್ದಲ್ಲ ಅನ್ನೋರಿದ್ದಾರೆ. ‘ಮಾರಿಯುಸ್’ ಚಿತ್ರದ ಬಾರ್ ಪ್ಯಾರಿಸ್ ಪಕ್ಕದ ಸ್ಟುಡಿಯೋದಲ್ಲಿ ಕಟ್ಟಿದ್ದು, ಒಪ್ತೀನಿ. ಆ ಗಂಟಲನ್ನ ಯಾವ ಸೆಟ್ಟಿನವರೂ ಕಟ್ಟಿದ್ದಲ್ಲ. ರೇಮ್ಯೂ ತೀರಿಕೊಂಡದ್ದು 1946ರಲ್ಲಿ. 2020ರಲ್ಲೂ ಫ್ರಾನ್ಸಿನ ರಾಷ್ಟ್ರೀಯ ಸಭೆ, ಉಚ್ಚಾರಣೆಯ ಕಾರಣಕ್ಕೆ ತಾರತಮ್ಯ ಮಾಡಬಾರದು ಅನ್ನೋ ಮಸೂದೆಗೆ ಮತ ಹಾಕಬೇಕಾಯ್ತು.

ಆ ಬೆಕ್ಕಿನ ದೃಶ್ಯ ಎರಡು ಸಲ ನೋಡಿ. ಎರಡನೇ ಸಲ ಸಬ್‌ಟೈಟಲ್ ತೆಗೆದುಬಿಡಿ. ಬೆಕ್ಕಿನ ಹೆಸರು ಪೊಂಪೊನೆತ್. ರೇಮ್ಯೂ ಕರೆಯುವಾಗ ಆ ಹೆಸರಿನ ತುದಿಯಲ್ಲಿ ಒಂದು ಪುಟ್ಟ ಸ್ವರ ಉಳಿಯುತ್ತಲ್ಲ, ಅದನ್ನ ಕೇಳಿ.