ಆ ಹುಡುಗಿಯ ಮುಖ ನೋಡಿ

ಕೇಳುಗರೇ, ನಮಸ್ಕಾರ. ಒಲೆ ಮೇಲೆ ಅನ್ನಕ್ಕಿಟ್ಟು, ಪಕ್ಕದಲ್ಲಿ ರೇಡಿಯೋ ಹಚ್ಚಿಕೊಂಡು ಕೇಳುತ್ತಿರುವವರು ಜಾಸ್ತಿ ಇರಬಹುದು. ನಿಮಗೇ ಅಂತ ಒಬ್ಬ ನಟಿಯ ವಿಷಯ ತಂದಿದ್ದೇನೆ. ಹೆಸರು ಎಂಬಿಸೀನ್ ತೆರೇಸ್ ಡಿಯೋಪ್. ಪಶ್ಚಿಮ ಆಫ್ರಿಕಾದ ಸೆನೆಗಲ್ ದೇಶದವರು. ಕಸುಬು ಬಟ್ಟೆ ಹೊಲಿಯುವುದು.

ಸೆನೆಗಲ್ ಫ್ರೆಂಚರ ಕೈಯಿಂದ ಬಿಡುಗಡೆ ಆದದ್ದು 1960ರಲ್ಲಿ. 1966ರಲ್ಲಿ ಅಲ್ಲಿಯದೇ ನಿರ್ದೇಶಕ ಉಸ್ಮಾನ್ ಸೆಂಬೆನ್ ಅವರ ಚಿತ್ರ ಬಂತು, 'ಲಾ ನ್ವಾರ್ ದ'. 'ಇಂಥವರ ಮನೆಯ ಕಪ್ಪು ಹುಡುಗಿ' ಅಂತ ಅರ್ಥ. ಯಾರ ಮನೆ ಅಂತ ಹೇಳದೆ ಹೆಸರು ಅರ್ಧಕ್ಕೇ ನಿಲ್ಲುತ್ತದೆ. ಸೆಂಬೆನ್ ಫ್ರಾನ್ಸಿನ ಮಾರ್ಸೆ ಬಂದರಿನಲ್ಲಿ ಹಮಾಲಿ ಮಾಡಿ, ಆಮೇಲೆ ಕಾದಂಬರಿ ಬರೆದವರು. ಆಫ್ರಿಕಾ ಸಿನಿಮಾ ಅಂದರೆ ಎಲ್ಲರೂ ಅವರನ್ನೇ ಹೊಗಳುತ್ತಾರೆ. ಹೊಗಳಲಿ, ತಕ್ಕವರೇ. ಆದರೆ ಈ ಚಿತ್ರದ ನಾಯಕಿ, ನಮ್ಮ ತೆರೇಸ್ ಹೆಸರು ಯಾರ ಬಾಯಲ್ಲೂ ಬರುವುದಿಲ್ಲ. ಅದು ನನಗೆ ಸರಿ ಕಾಣುವುದಿಲ್ಲ. ಚಿತ್ರ ನಿಂತಿರುವುದೇ ಆಕೆಯ ಮುಖದ ಮೇಲೆ.

ಕಥೆ ಚಿಕ್ಕದು. ಸೆನೆಗಲ್‌ನ ಡಾಕಾರ್ ನಗರದಲ್ಲಿ ಮನೆಗೆಲಸ ಬೇಕಾದ ಹೆಂಗಸರು ರಸ್ತೆ ಬದಿ ಕೂತಿರುತ್ತಾರೆ. ಫ್ರೆಂಚ್ ಯಜಮಾನಿ ಬಂದಾಗ ಎಲ್ಲರೂ ಮುಗಿಬೀಳುತ್ತಾರೆ. ತೆರೇಸ್ ಪಾತ್ರ ಮಾಡಿರುವ ಡಿವಾನಾ ಮಾತ್ರ ಸುಮ್ಮನೆ ಕೂತೇ ಇರುತ್ತಾಳೆ. ಯಜಮಾನಿ ಅವಳನ್ನೇ ಆರಿಸುತ್ತಾಳೆ. ಮಕ್ಕಳನ್ನು ನೋಡಿಕೊಳ್ಳುವ ಕೆಲಸ ಅಂತ ನಂಬಿ ಡಿವಾನಾ ಹಡಗು ಹತ್ತಿ ಫ್ರಾನ್ಸಿನ ಆಂತಿಬ್‌ಗೆ ಬರುತ್ತಾಳೆ. ಬಂದಾಗ ಅಲ್ಲಿ ಮಕ್ಕಳೇ ಇರುವುದಿಲ್ಲ. ನೆಲ ಒರೆಸು, ಅಡುಗೆ ಮಾಡು, ಬಚ್ಚಲು ತೊಳೆ.

ಈಗ ನನಗೆ ತುಂಬಾ ಇಷ್ಟವಾದ ಜಾಗಕ್ಕೆ ಬರುತ್ತೇನೆ. ಡಿವಾನಾ ಚೆಂದದ ಉಡುಪು ತೊಟ್ಟು, ಎತ್ತರ ಹಿಮ್ಮಡಿಯ ಚಪ್ಪಲಿ ಹಾಕಿಕೊಂಡೇ ನೆಲ ಒರೆಸುತ್ತಾಳೆ. ಯಜಮಾನಿಗೆ ಅದು ಕಣ್ಣು ಚುಚ್ಚುತ್ತದೆ. ಉಡುಪಿನ ಮೇಲೆ ಏಪ್ರನ್ ಕಟ್ಟಿಸುತ್ತಾಳೆ. ಮತ್ತೊಂದು ದಿನ, ಚಪ್ಪಲಿ ಬಿಚ್ಚು, ನೀನು ಕೆಲಸದವಳು ಅನ್ನುವುದು ನೆನಪಿರಲಿ ಅನ್ನುತ್ತಾಳೆ. ನಾನು ಇದನ್ನು ಮೊದಲ ಸಲ ನೋಡಿದಾಗ ಹುಡುಗಿ ಅಳುತ್ತಾಳೆ, ಇಲ್ಲಾ ಜಗಳ ಆಡುತ್ತಾಳೆ ಅಂದುಕೊಂಡೆ. ಎರಡೂ ಇಲ್ಲ. ಚಪ್ಪಲಿ ಬಿಚ್ಚುತ್ತಾಳೆ, ಬರಿಗಾಲಲ್ಲಿ ನಡೆಯುತ್ತಾಳೆ. ಅಷ್ಟೇ. ಆದರೆ ಆ ನಡಿಗೆ ನೋಡಬೇಕು ನೀವು! ಬೆನ್ನು ಒಂದಿಷ್ಟೂ ಬಾಗುವುದಿಲ್ಲ. ಅಭಿನಯ ಕಲಿಯುವ ಮಕ್ಕಳಿಗೆ ನಾನು ಈ ದೃಶ್ಯ ತೋರಿಸುತ್ತಿರುತ್ತೇನೆ. ಇನ್ನೊಂದ್ಸಲ ಹಾಕಿ ಸಾರ್ ಅನ್ನುತ್ತಾರೆ. ಹಾಕುತ್ತೇನೆ. ಪ್ರತಿ ಸಲವೂ ಅದೇ ಹೇಳುತ್ತೇನೆ, ಮುಖ ನೋಡಿ, ಮುಖ.

ಇನ್ನೊಂದು ಗೊತ್ತಾ? ಡಿವಾನಾಳ ಮನಸ್ಸಿನ ಮಾತಾಗಿ ಚಿತ್ರದುದ್ದಕ್ಕೂ ಕೇಳುವ ದನಿ ತೆರೇಸ್ ಅವರದ್ದಲ್ಲ, ಹೈಟಿಯ ಗಾಯಕಿ ತೋತೊ ಬಿಸಾಂತ್ ಅವರದ್ದು. ಅಂದರೆ ತೆರೇಸ್ ಕೈಯಲ್ಲಿ ಉಳಿದದ್ದು ಮುಖ, ಕೈಕಾಲು, ನಡಿಗೆ. ಅಷ್ಟರಲ್ಲೇ ಒಂದು ಗಂಟೆಯ ಚಿತ್ರವನ್ನು ಹೊತ್ತಿದ್ದಾರೆ. ಡಿವಾನಾಳ ಕೊನೆ ಬಹಳ ನೋವಿನದು. ಅದನ್ನು ನೀವೇ ನೋಡಿ. ಚಿತ್ರಕ್ಕೆ ಅದೇ ವರ್ಷ ಫ್ರಾನ್ಸಿನ ಜಾನ್ ವಿಗೋ ಪ್ರಶಸ್ತಿ ಬಂತು.

ಸಮಯ ಮುಗಿಯುತ್ತಾ ಬಂತು ಅಂತ ಕೈ ತೋರಿಸುತ್ತಿದ್ದಾರೆ, ಬೇಗ ಹೇಳಿಬಿಡುತ್ತೇನೆ. 1971ರಲ್ಲಿ ಸೆಂಬೆನ್ ಅವರದೇ 'ಎಮಿತಾಯ್'ನಲ್ಲಿ ತೆರೇಸ್ ಮತ್ತೆ ಕಾಣಿಸಿಕೊಂಡರು. ಫ್ರೆಂಚ್ ಸೇನೆ ಊರಿನ ಅಕ್ಕಿ ಕಿತ್ತುಕೊಳ್ಳಲು ಬಂದಾಗ ಹೆಂಗಸರು ಅದನ್ನು ಬಚ್ಚಿಡುವ ಕಥೆ ಅದು. ಆಮೇಲೆ ದೊಡ್ಡ ಪಾತ್ರಗಳು ಬರಲಿಲ್ಲ. ಇಂಥ ಮುಖಕ್ಕೆ ಇಷ್ಟೇನಾ ಅಂತ ನನಗೆ ಇವತ್ತಿಗೂ ಹೊಟ್ಟೆ ಉರಿಯುತ್ತದೆ.

2020ರಲ್ಲಿ ನಿರ್ದೇಶಕಿ ಮೈಮೂನಾ ದುಕುರೆ ಅವರ ಚಿತ್ರ 'ಮಿನ್ಯೋನ್' ಬಂತು. ಪ್ಯಾರಿಸ್‌ನಲ್ಲಿರುವ ಸೆನೆಗಲ್ ಮೂಲದ ಒಂದು ಮನೆಯ ಕಥೆ. ಆ ಮನೆಯಲ್ಲಿ ಎಲ್ಲರಿಗೂ ಬುದ್ಧಿ ಹೇಳುವ ಒಬ್ಬ ಹಿರಿಯ ಹೆಂಗಸು ಇದ್ದಾರೆ. ವಯಸ್ಸಾಗಿದೆ. ಅವರೇ ನಮ್ಮ ತೆರೇಸ್.